ಕುಣಿಸೀಮಿ ಪಂಚಾಂಗ

ಅಪ್ಪನ ಮಗ್ಗದ ಕುಣಿಯೊಳಗ ಒಂದು ದೇಶ ಐತಿ ಅಂತ
ಮೊದಲು ಹೇಳಿದಾಕಿ ಬನಕ್ಕ.
ಬೆಟಗೇರಿಯ ಮಟಮಟ ಮಧ್ಯಾಹ್ನ,
ಓಣಿ ತುಂಬ ಖಟ್ ಪಟ್, ಗಂಜಿಯ ಹುಳಿ ವಾಸನಿ.
ಇಬ್ಬರೂ ಬೋರಲು ಬಿದ್ದು ಹಣಿಕಿ ಹಾಕಿದಿವಿ.
ನನಗ ಕಂಡದ್ದು ಅಪ್ಪನ ಎರಡು ಪಾದ, ಒಂದು ಬೀಡಿ ತುಂಡು.
ಆಕಿಗೆ ಊರು ಕಂಡಿತ್ತು.

ಬಲಗಾಲು ಒತ್ತಿದರ ಅಲ್ಲಿ ಹಗಲು.
ಎಡಗಾಲು ಒತ್ತಿದರ ರಾತ್ರಿ.
ನಡುವ ಲಾಳಿ ಹಾರಿಹೋಗೂದು ಸಂಜಿ,
ಎಷ್ಟು ಸಣ್ಣದು ಅಂದರ
ಅಲ್ಲಿಯ ಹೆಂಗಸರು ದೀಪ ಹಚ್ಚಾಕ
ಕಡ್ಡಿ ಗೀರೂದರಾಗ ಬೆಳಗಾಗಿರತಿತ್ತು.

ಅವರ ಮುಗಿಲು ಅಂದರ ನಮ್ಮ ಹಾಸು.
ಸಾವಕಾರ ಯಾವ ಬಣ್ಣದ ನೂಲು ತೂಗಿ ಕೊಡತಾನೋ
ಅದಽ ಅವರ ಸಂವತ್ಸರ:
ಗಿಣಿಹಸಿರು ಸಂವತ್ಸರ, ಉಳ್ಳಾಗಡ್ಡಿಸಿಪ್ಪಿ ಸಂವತ್ಸರ,
ಒಮ್ಮೆ ಬಣ್ಣದವನ ಬಾಕಿ ತೀರಲಾರದಕ್ಕ
ಬರೇ ಬಿಳಿ ಸಂವತ್ಸರ. ಆ ವರ್ಷ ಅಲ್ಲಿ
ಯಾರೂ ಯಾರ ಮ್ಯಾಲೂ ಸಿಟ್ಟಾಗಲಿಲ್ಲಂತ.

ಅಪ್ಪ ಚಾ ಕುಡಿಯಾಕ ಎದ್ದರ ಎಲ್ಲಾ ನಿಂತಂಗ.
ಉಕ್ಕೂ ಹಾಲು ಗಡಿಗಿಯ ಕಂಠದಾಗಽ,
ಜಗಳದಾಗ ಎತ್ತಿದ ಕೈ ಎತ್ತಿದಂಗಽ.

ಲೆಕ್ಕದ ಪಟ್ಟಿಯ ಹಿಂದಿನ ಹಾಳಿಯೊಳಗ
ಬನಕ್ಕ ತಿಂಗಳು ಬರದಳು:
ಗಂಜಿ, ಅಂಚು, ಒಡಲು, ಸೆರಗು.
ಒಡಲು ಭಾಳ ಉದ್ದ, ಅದರಾಗ ಹಬ್ಬ ಇಲ್ಲ,
ಬರೇ ದುಡೀಬೇಕು.
ಸೆರಗು ಮುಗಿದು, ಸೀರಿ ಕೊಯ್ದ ಮ್ಯಾಲೆ
ಹಳೇ ಎಳಿಗೆ ಹೊಸ ಎಳಿ ಹಚ್ಚಿ
ಒಂದೊಂದಽ ಕೆಚ್ಚತಾ ಕೂಡತಿದ್ದಳಲ್ಲ ಅವ್ವ,
ಬೆರಳಿಗೆ ಬೂದಿ ಮೆತ್ತಿಕೊಂಡು, ಎರಡು ದಿನ,
ಆ ದಿನ ಯಾವ ತಿಂಗಳಿಗೂ ಸೇರೂದಿಲ್ಲ.
ಕೆಚ್ಚಿನ ದಿನ.
ಅವತ್ತು ಹುಟ್ಟಿದವರಿಗೆ ವಯಸ್ಸಿಲ್ಲ.
ಅವತ್ತು ಮಾಡಿದ ಸಾಲಕ್ಕ ಬಡ್ಡಿ ಇಲ್ಲ.
ಇದನ್ನ ಕೇಳಿ ಅವ್ವ ತಲಿ ಎತ್ತಿ ನೋಡಿದಳು,
ಅವತ್ತಿನ ದಿನದಾಗ ಅದಽ ಮೊದಲ ಸಲ.

ಶ್ರಾವಣದಾಗ ಅಪ್ಪಗ ಕಾಮಣಿ ಆತು.
ಹನ್ನೊಂದು ದಿನ ಮಗ್ಗ ಸುಮ್ಮನಿತ್ತು.
ಕಡೀಕ ಒತ್ತಿದ್ದು ಯಾವ ಕಾಲೋ? ಬನಕ್ಕ ಕೇಳಿದಳು.
ಎಡಗಾಲು, ಅಂದೆ.
ಖರೇ ಹೇಳಬೇಕಂದರ ನನಗ ಗೊತ್ತಿರಲಿಲ್ಲ.
ಆಕಿ ಮಾರಿ ಕಪ್ಪಿಟ್ಟಿತು. ಹಂಗಾದರ
ಹನ್ನೊಂದು ದಿನದಿಂದ ಅಲ್ಲಿ ಕತ್ತಲಿ.

ಎಲ್ಲಾರೂ ಮಲಗಿದ ಮ್ಯಾಲೆ ಕುಣಿಗೆ ಇಳಿದಿವಿ.
ಆಕಿ ಕಾಲು ಎಟಕಿತು, ತೂಕ ಸಾಲಲಿಲ್ಲ.
ಆಕಿ ಪಾದದ ಮ್ಯಾಲೆ ನನ್ನ ಪಾದ ಇಟ್ಟು ನಿಂತೆ.
ತುಳಿಹಲಗಿ ಇಳೀತು. ಹಾಸು ಬಾಯಿ ಬಿಟ್ಟಿತು.
ಬನಕ್ಕ ಲಾಳಿ ಹೊಡದಳು,
ಅದು ನಡುದಾರ್ಯಾಗ ಸಿಕ್ಕು ಏಳು ಎಳಿ ಹರದವು.
ಹೋಗಲಿ ಬಿಡು, ಹಗಲಾತಲ್ಲ, ಅಂದಳು,
ಕತ್ತಲದಾಗ ತಡಕಿ ತಡಕಿ ಏಳಕ್ಕೂ ಗಂಟು ಹಾಕಿದಳು.

ಹನ್ನೆರಡನೇ ದಿನ ಅಪ್ಪನ ಬೆರಳಿಗೆ
ಸಾಸಿವಿ ಕಾಳಿನಂಥ ಏಳು ಗಂಟು ಸಿಕ್ಕವು.
ನನಗೊಂದು ಬಿತ್ತು. ಆಕಿಗಿಲ್ಲ.
ಗಂಟು ಗಟ್ಟಿ ಇದ್ದವು, ಅದಕ್ಕ.
ಆ ಸೀರಿಗೆ ಸಾವಕಾರ ಹದಿನೆಂಟು ರೂಪಾಯಿ ಮುರಕೊಂಡ.
ಯಾವ ಊರಾಗೋ ಯಾವಾಕಿನೋ
ನಮ್ಮ ಒಂದು ಹಗಲನ್ನ ಮೊಣಕಾಲ ಹತ್ತಿರ ಉಟ್ಟುಕೊಂಡು
ಸಂತಿಗೆ ಹೋಗಿ ಬಂದಿರಬೇಕು.

ಈಗ ನಾನು ಗದಗಿನ ಒಂದು ಪ್ರೆಸ್ಸಿನಾಗ
ಕ್ಯಾಲೆಂಡರಿನ ಕರಡು ತಿದ್ದತೇನಿ.
ಅಮಾಸಿ, ಹುಣ್ಣಿವಿ, ಬ್ಯಾಂಕಿನ ರಜಾ.
ಚೌಕ ಚೌಕ ಒತ್ತಿಕೊಂಡು ಕುಂತಾವ,
ನಡುವ ಒಂದು ಎಳಿ ತೂರಸಾಕ ಜಾಗಾ ಇಲ್ಲ.
ಫಾಲ್ಗುಣ ಮುಗಿದ ಕಡೆ ಸುಮ್ಮನಽ ಪೆನ್ಸಿಲ್ ನಿಲ್ಲತೈತಿ.
ಮಾಲಕರು ಕೆಮ್ಮತಾರ.

ಬನಕ್ಕ ನೂಲಿನ ಗಿರಣ್ಯಾಗ ರಾತ್ರಿ ಪಾಳಿ.
ಹ್ವಾದ ವಾರ ಫೋನ್ ಮಾಡಿ, ಊಟಾತೇನೋ ಅಂತ ಕೇಳಿ,
ಆಮ್ಯಾಲೆ ಕೇಳಿದಳು:
ಮಗ್ಗ ಮಾರೂ ಮುಂದ, ಅಪ್ಪ
ಕಡೀಕ ಒತ್ತಿದ್ದು ಯಾವ ಕಾಲೋ?

ಬಲಗಾಲು, ಅಂದೆ.
ಈ ಸಲಾನೂ ನನಗ ಗೊತ್ತಿರಲಿಲ್ಲ.
ಹಾಂ, ಅಂದಳು. ಆ ಕಡೆ ಪಾಳಿಯ ಭೋಂಗಾ ಆತು.